ಚಂದ್ರಿಯ ಪಾತ್ರದ ಸ್ನೇಹಲತಾ ರೆಡ್ಡಿ
ಮೇಗರವಳ್ಳಿಯ ಸುತ್ತಲಿನ ನಮಗೆ ‘ಸಂಸ್ಕಾರ’ದ ಅಗ್ರಹಾರ ದೂರದ್ದಲ್ಲ. ಕಾದಂಬರಿಕಾರ ಯು. ಆರ್. ಅನಂತಮೂರ್ತಿಯವರು ಇದೇ ತೀರ್ಥಹಳ್ಳಿ ತಾಲ್ಲೂಕಿನ ಮೇಳಿಗೆಯವರು. 1970ರ ಚಿತ್ರವನ್ನು ತೆಗೆದದ್ದು ಶೃಂಗೇರಿ ಬಳಿಯ ವೈಕುಂಠಪುರದಲ್ಲಿ. ಆ ಚಿತ್ರದ ಮಾತೆತ್ತಿದರೆ ಕಾರ್ನಾಡರ ಪ್ರಾಣೇಶಾಚಾರ್ಯ, ಲಂಕೇಶರ ನಾರಣಪ್ಪ ನೆನಪಾಗುತ್ತಾರೆ. ಚಂದ್ರಿಯಾಗಿದ್ದ ಸ್ನೇಹಲತಾ ರೆಡ್ಡಿಯವರ ಹೆಸರು ಕೊನೆಗೆ ಬರುತ್ತದೆ, ಬಂದರೆ.

ಇದು ನನಗೆ ಸರಿಕಾಣದು. ನಾರಣಪ್ಪನ ಹೆಣಕ್ಕೆ ಸಂಸ್ಕಾರ ಮಾಡುವವರು ಯಾರೆಂದು ಬ್ರಾಹ್ಮಣರು ಶಾಸ್ತ್ರ ಹುಡುಕುತ್ತಿರಲು, ತನ್ನ ಚಿನ್ನವನ್ನೆಲ್ಲ ಬಿಚ್ಚಿಟ್ಟವಳು ಚಂದ್ರಿ. ಕಡೆಗೆ ಮೀನು ವ್ಯಾಪಾರಿ ಅಹಮದ್ ಬ್ಯಾರಿಯ ನೆರವಿನಿಂದ ರಾತ್ರೋರಾತ್ರಿ ಹೆಣವನ್ನು ಸುಡಿಸಿದವಳೂ ಅವಳೇ. ಪಾತ್ರಕ್ಕೆ ಮಾತು ಕಡಿಮೆ. ಉಳಿದದ್ದನ್ನು ಸ್ನೇಹಲತಾ ಕಣ್ಣಿನಲ್ಲಿ, ನಿಂತ ನಿಲುವಿನಲ್ಲಿ ಹೇಳಿದರು. ಮದ್ರಾಸಿನ ಇಂಗ್ಲಿಷ್ ರಂಗಭೂಮಿಯಿಂದ ಬಂದ ಈಕೆ, ನಿರ್ದೇಶಕ ಪಟ್ಟಾಭಿರಾಮ ರೆಡ್ಡಿಯವರ ಪತ್ನಿ, ಕುಂದಾಪುರದ ಚಂದ್ರಿಯೆಂದು ನಂಬಿಸಿದ್ದು ಸಣ್ಣ ಸಾಧನೆಯೇ?

ಮೊದಲು ಸೆನ್ಸಾರಿನ ನಿಷೇಧ ಕಂಡ ಚಿತ್ರಕ್ಕೆ ಆಮೇಲೆ ಸ್ವರ್ಣಕಮಲ ಬಂತು. ನಟಿಗೆ ಮಾತ್ರ ಹೆಚ್ಚು ಕಾಲ ಸಿಗಲಿಲ್ಲ. ತುರ್ತುಪರಿಸ್ಥಿತಿಯಲ್ಲಿ, 1976ರ ಮೇ 2ರಂದು, ಅವರ ಬಂಧನವಾಯಿತು. ಉಬ್ಬಸದ ರೋಗಿ, ಎಂಟು ತಿಂಗಳಿಗೂ ಮೀರಿ ಬೆಂಗಳೂರಿನ ಸೆರೆಮನೆಯಲ್ಲಿ, ವಿಚಾರಣೆಯಿಲ್ಲದೆ. 1977ರ ಜನವರಿ 15ರಂದು ಪೆರೋಲಿನ ಮೇಲೆ ಹೊರಗೆ ಬಂದರು, 20ರಂದು ತೀರಿಕೊಂಡರು. ಒಳಗಿದ್ದಾಗ ಬರೆದ ದಿನಚರಿ ಅದೇ ವರ್ಷ ಪುಸ್ತಕವಾಯಿತು.