ಹುಲಿ ಕಾಯುವ ಖರ್ಚು ಯಾರ ಲೆಕ್ಕಕ್ಕೆ?

ದೆಹಲಿಗೆ ಸ್ವಂತದ್ದೆನ್ನುವ ರಾಷ್ಟ್ರೀಯ ಉದ್ಯಾನವಿಲ್ಲ. ಇರುವುದು ಅಸೋಲಾ ಭಟ್ಟಿ ವನ್ಯಧಾಮ ಮಾತ್ರ. ಹಾಗಾಗಿ ಚಳಿಗಾಲದಲ್ಲಿ ವಲಸೆ ಹಕ್ಕಿ ನೋಡುವ ಆಸೆಯಿದ್ದರೆ ನಗರದ ದ್ವಾರಕಾ ಬಡಾವಣೆಯ ಮಂದಿ ಗಡಿ ದಾಟಿ ಗುರುಗ್ರಾಮದಾಚೆಯ ಸುಲ್ತಾನಪುರಕ್ಕೆ ಹೋಗುತ್ತಾರೆ. ಒಂದೂವರೆ ಚದರ ಕಿಲೋಮೀಟರಿಗೂ ಕಡಿಮೆಯಿರುವ ಆ ಜೌಗು ಪ್ರದೇಶ 1991ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು, 2021ರಲ್ಲಿ ಅಂತರರಾಷ್ಟ್ರೀಯ ಮಹತ್ವದ ಜೌಗುಗಳ ರಾಮ್ಸಾರ್ ಪಟ್ಟಿ ಸೇರಿತು. ಅದನ್ನು ನೋಡಿಕೊಳ್ಳುವುದು ಕೇಂದ್ರವಲ್ಲ, ಹರಿಯಾಣದ ಇಲಾಖೆ.

ಇದು ಸುಲ್ತಾನಪುರದ ವಿಶೇಷವೇನಲ್ಲ. ಅಮೆರಿಕದಲ್ಲಿ 1916ರಿಂದ ಎಲ್ಲ ರಾಷ್ಟ್ರೀಯ ಉದ್ಯಾನಗಳಿಗೂ ಒಂದೇ ಸಂಸ್ಥೆಯಿದೆ. ನಮ್ಮಲ್ಲಿ ಅಂಥ ಸಂಸ್ಥೆ ಇಲ್ಲವೇ ಇಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 35ನೇ ಕಲಮಿನಡಿ ಉದ್ಯಾನ ಘೋಷಿಸುವುದು ಸಾಮಾನ್ಯವಾಗಿ ರಾಜ್ಯ ಸರ್ಕಾರ. ಕಾಡೊಳಗಿನ ಅಧಿಕಾರ ರಾಜ್ಯದ ಮುಖ್ಯ ವನ್ಯಜೀವಿ ಪರಿಪಾಲಕರದು. ಆದರೆ ಒಮ್ಮೆ ಘೋಷಿಸಿದ ಮೇಲೆ ಗಡಿ ಬದಲಿಸಲು ಪ್ರಧಾನಿ ಅಧ್ಯಕ್ಷತೆಯ ರಾಷ್ಟ್ರೀಯ ವನ್ಯಜೀವಿ ಮಂಡಳಿಯ ಶಿಫಾರಸು ಬೇಕು. ಜಮೀನು ರಾಜ್ಯದ್ದು, ಬೀಗದ ಕೈ ಇಬ್ಬರದೂ.

ಹುಲಿ ಬಂದರೆ ದೆಹಲಿಯ ಮಾತಿಗೆ ಇನ್ನಷ್ಟು ತೂಕ. 1973ರಲ್ಲಿ ಹುಲಿ ಯೋಜನೆ ಆರಂಭವಾದಾಗ ಆಯ್ದ ಒಂಬತ್ತು ಕಾಡುಗಳಲ್ಲಿ ಬಂಡೀಪುರವೂ ಇತ್ತು. ಆಮೇಲೆ ರಾಜಸ್ಥಾನದ ಸರಿಸ್ಕಾದಲ್ಲಿ ಹುಲಿಗಳೇ ಉಳಿದಿಲ್ಲವೆಂಬುದು 2005ರಲ್ಲಿ ಬಯಲಾಯಿತು. ಮರುವರ್ಷ ಕಾಯ್ದೆಗೆ ತಿದ್ದುಪಡಿಯಾಗಿ ರಾಷ್ಟ್ರೀಯ ಹುಲಿ ಸಂರಕ್ಷಣಾ ಪ್ರಾಧಿಕಾರ ಹುಟ್ಟಿತು. ದೆಹಲಿಯ ಲೋಧಿ ರಸ್ತೆಯಲ್ಲಿ ಕಚೇರಿಯಿರುವ ಈ ಪ್ರಾಧಿಕಾರಕ್ಕೆ ಪರಿಸರ ಸಚಿವರೇ ಅಧ್ಯಕ್ಷರು. ಅದು ನಿಯಮ ಮಾಡುತ್ತದೆ, ಹುಲಿ ಎಣಿಸುತ್ತದೆ, ಹಣ ಮಂಜೂರು ಮಾಡುತ್ತದೆ. ಗಸ್ತು ತಿರುಗುವುದು ಮಾತ್ರ ರಾಜ್ಯದ ಗಾರ್ಡುಗಳು, ವಾಚರುಗಳು.

ಹಣದ ದಾರಿ ಉದ್ದ. ಪ್ರತಿ ಹುಲಿ ರಕ್ಷಿತಾರಣ್ಯವೂ ವಾರ್ಷಿಕ ಕಾರ್ಯಯೋಜನೆ ಬರೆಯಬೇಕು. ಬಂಡೀಪುರದ್ದಾದರೆ ಅದು ಬೆಂಗಳೂರು ದಾಟಿ ದೆಹಲಿಗೆ ಹೋಗುತ್ತದೆ. ಕಟ್ಟಡದಂಥ ಒಮ್ಮೆಯ ಖರ್ಚಿನಲ್ಲಿ ಕೇಂದ್ರದ ಪಾಲು 60, ರಾಜ್ಯದ್ದು 40. ವರ್ಷವರ್ಷದ ಖರ್ಚು ಅರ್ಧರ್ಧ. ಈಶಾನ್ಯ ಮತ್ತು ಹಿಮಾಲಯದ ರಾಜ್ಯಗಳಿಗಾದರೆ ಕೇಂದ್ರವೇ ನೂರಕ್ಕೆ 90 ಕೊಡುತ್ತದೆ. ಹಣ ಬರುವುದು ಕಂತಿನಲ್ಲಿ, ಹಿಂದಿನದಕ್ಕೆ ಬಳಕೆ ಪ್ರಮಾಣಪತ್ರ ಕೊಟ್ಟ ಮೇಲೆ. ಕಡತಕ್ಕೆ ಏಪ್ರಿಲ್‌ನಲ್ಲಿ ಹೊಸ ವರ್ಷ. ಕಾಡಿಗೆ ಅದು ಬೆಂಕಿಯ ಕಾಲ. ಬೆಂಕಿರೇಖೆ ಸವರುವ ಕೆಲಸ ಅದಕ್ಕೂ ಮೊದಲೇ ಮುಗಿದಿರಬೇಕು. ಕಂತು ತಡವಾಯಿತೆಂದು ಬೆಂಕಿ ಕಾಯುವುದಿಲ್ಲ. 2019ರ ಫೆಬ್ರವರಿಯಲ್ಲೇ ಬಂಡೀಪುರದ ಸಾವಿರಾರು ಎಕರೆ ಸುಟ್ಟುಹೋಗಿತ್ತು.

ಈ ಸಂದು ತುಂಬಲು ಅದೇ 2006ರ ತಿದ್ದುಪಡಿಯಲ್ಲಿ ಒಂದು ಉಪಾಯವಿದೆ: ಪ್ರತಿ ರಕ್ಷಿತಾರಣ್ಯಕ್ಕೂ ಒಂದು ಹುಲಿ ಸಂರಕ್ಷಣಾ ಪ್ರತಿಷ್ಠಾನ. ಪ್ರವಾಸಿಗರ ಶುಲ್ಕ ರಾಜ್ಯದ ಖಜಾನೆಗೆ ಹೋಗಿ ಕರಗುವ ಬದಲು ಇಲ್ಲಿಗೆ ಬಂದು, ಕಾಡಿಗೂ ಅಂಚಿನ ಹಳ್ಳಿಗಳಿಗೂ ಸಲ್ಲಬೇಕೆಂಬುದು ಆಶಯ. ಒಳ್ಳೆಯ ಏರ್ಪಾಡೇ. ಆದರೆ ಸಫಾರಿ ನಿಂತರೆ? 2025ರ ನವೆಂಬರ್‌ನಲ್ಲಿ ಕಾಡಂಚಿನಲ್ಲಿ ಹುಲಿ ದಾಳಿಗೆ ಜನ ಬಲಿಯಾದಾಗ ಬಂಡೀಪುರ, ನಾಗರಹೊಳೆಗಳ ಸಫಾರಿಯನ್ನು ಸರ್ಕಾರ ನಿಲ್ಲಿಸಿ, ಸಿಬ್ಬಂದಿಯನ್ನು ಕೂಂಬಿಂಗ್‌ಗೆ ಹಚ್ಚಿತು. ಕೆಲಸ ಹೆಚ್ಚಾದ ಹೊತ್ತಿಗೇ ಆದಾಯ ನಿಂತಿತು.

ಈ ದಾರಿಯಲ್ಲಿ ಬಹುದೂರ ಹೋದದ್ದು ದಕ್ಷಿಣ ಆಫ್ರಿಕಾ. ಅಲ್ಲಿನ ಸರ್ಕಾರಿ ಉದ್ಯಾನ ಸಂಸ್ಥೆ ಕ್ರೂಗರ್‌ನಂಥ ಕಾಡುಗಳ ಪ್ರವಾಸೋದ್ಯಮದಿಂದಲೇ ಬಹುಪಾಲು ಖರ್ಚು ತೂಗಿಸುತ್ತಿತ್ತು. 2020ರ ಲಾಕ್‌ಡೌನ್‌ನಲ್ಲಿ ಗೇಟು ಮುಚ್ಚಿದಾಗ ಪೆಟ್ಟು ಜೋರಾಗಿಯೇ ಬಿತ್ತು. ಹಾಗೆಂದು ಪೂರ್ತಿಯಾಗಿ ಸರ್ಕಾರಿ ಬಜೆಟ್ಟನ್ನೇ ನೆಚ್ಚಿದರೂ ಕಷ್ಟ ತಪ್ಪದು. ಅಮೆರಿಕದಲ್ಲಿ ಸಂಸತ್ತು ಬಜೆಟ್ ಒಪ್ಪದೆ 2018ರ ಕೊನೆಗೆ ಸರ್ಕಾರಿ ಕೆಲಸ ಸ್ಥಗಿತಗೊಂಡಿತು. ಆಗ ಎಷ್ಟೋ ಉದ್ಯಾನಗಳ ಗೇಟು ತೆರೆದೇ ಇತ್ತು, ಕಾಯುವವರೇ ಇರಲಿಲ್ಲ.

ಸಫಾರಿಯ ದುಡ್ಡಿನಿಂದ ಸೋಲಾರ್ ಬೇಲಿ ಹಾಕಲಿ, ಹಳ್ಳಿ ಶಾಲೆಗೆ ಕೊಡಲಿ, ಕೆರೆಯ ಹೂಳು ತೆಗೆಸಲಿ. ಕಳ್ಳಬೇಟೆ ತಡೆ ಶಿಬಿರದಲ್ಲಿ ರಾತ್ರಿ ಕಳೆಯುವ ದಿನಗೂಲಿ ವಾಚರನ ಸಂಬಳ ಮಾತ್ರ ಪ್ರವಾಸಿಗರ ಟಿಕೆಟ್ಟನ್ನು ನೆಚ್ಚಿಕೊಂಡಿರಬಾರದು. ಅದು ತಿಂಗಳು ತಿಂಗಳು ಖಜಾನೆಯಿಂದಲೇ ಬರಬೇಕು.