ಮಲಯಾಳ ಸಿನಿಮಾದಲ್ಲಿ ಮನೆ, ಅಂಗಳ, ಅಡುಗೆಕೋಣೆ

ಕಾಸರಗೋಡಿನವರಾದ ನಮಗೆ ಮಲಯಾಳ ಸಿನಿಮಾ ಹೊಸತೇನಲ್ಲ. ಶಾಲೆಯಲ್ಲಿ ಕನ್ನಡ, ಬಸ್ಸಿನಲ್ಲಿ ಮಲಯಾಳ, ಹೀಗೆ ಬೆಳೆದವರು ನಾವು. ಆದರೆ ಆ ಸಿನಿಮಾಗಳಲ್ಲಿ ಮನೆಯ ಸಂಗತಿಗಳು ಅಷ್ಟು ಚೆನ್ನಾಗಿ ಬರುವುದು ಯಾಕೆ ಅಂತ ಯೋಚಿಸಿದ್ದೀರಾ? (ಫೈಟಿಂಗ್ ಇಲ್ಲವೆಂದಲ್ಲ, ಅದೂ ಬೇಕಾದಷ್ಟಿದೆ!)

ಒಂದು ಕಾರಣ, ಅಲ್ಲಿ ದೊಡ್ಡ ಸಾಹಿತಿಗಳ ಕಥೆಗಳು ಸಿನಿಮಾ ಆದವು. ತಕಳಿ ಶಿವಶಂಕರ ಪಿಳ್ಳೆಯವರ ಕಾದಂಬರಿಯಿಂದ ರಾಮು ಕಾರ್ಯಾಟ್ 1965ರಲ್ಲಿ 'ಚೆಮ್ಮೀನ್' ತೆಗೆದರು. ಕಡಲಿಗೆ ಹೋದ ಗಂಡನ ಜೀವ ದಡದಲ್ಲಿರುವ ಹೆಂಡತಿಯ ನಡತೆಯ ಮೇಲೆ ನಿಂತಿದೆ ಎಂಬ ಮೀನುಗಾರರ ನಂಬಿಕೆಯೇ ಅದರ ಕಥೆ. ಎಂ.ಟಿ. ವಾಸುದೇವನ್ ನಾಯರ್ ಅವರ 'ನಿರ್ಮಾಲ್ಯಂ' (1973) ಚಿತ್ರದಲ್ಲಿ ಪಾಳು ಬೀಳುತ್ತಿರುವ ದೇವಸ್ಥಾನದ ವೆಳಿಚ್ಚಪ್ಪಾಡನ ಬಡತನವಿದೆ. ವೆಳಿಚ್ಚಪ್ಪಾಡ ಅಂದರೆ ದರ್ಶನ ಬರುವ ಪಾತ್ರಿ.

1970 ಜನವರಿ 1ರಿಂದ ಕೇರಳದಲ್ಲಿ ಗೇಣಿ ಪದ್ಧತಿ ಹೋಯಿತು, ಒಕ್ಕಲುಗಳಿಗೆ ಭೂಮಿ ಸಿಕ್ಕಿತು. ಹಾಗಾದರೆ ಕೂತು ಉಣ್ಣುತ್ತಿದ್ದ ತರವಾಡು ಮನೆಯವರು ಏನಾದರು? ಅಡೂರ್ ಗೋಪಾಲಕೃಷ್ಣನ್ ಅವರ 'ಎಲಿಪ್ಪತ್ತಾಯಂ' ನೋಡಬೇಕು. ಹೆಸರಿನ ಅರ್ಥ ಇಲಿಬೋನು. ಅಂಗಳಕ್ಕೆ ದನ ನುಗ್ಗಿದರೂ ಯಜಮಾನ ಉಣ್ಣಿ ತಾನು ಎದ್ದು ಓಡಿಸುವುದಿಲ್ಲ, ತಂಗಿ ರಾಜಮ್ಮನನ್ನು ಕೂಗುತ್ತಾನೆ. ಅವಳು ದುಡಿದು ದುಡಿದು ಕಾಯಿಲೆ ಬಿದ್ದಾಗ ಅವನಿಗೆ ಏನು ಮಾಡಬೇಕೆಂದೇ ಗೊತ್ತಿಲ್ಲ. ಬಹಳ ನಿಧಾನದ ಚಿತ್ರ, ನಡುವೆ ನನಗೆ ಬೇಜಾರೂ ಆಯಿತು. ಆದರೆ ಆ ಕೂಗು ಇನ್ನೂ ಕಿವಿಯಲ್ಲಿದೆ.

ಗಲ್ಫಿನಿಂದ ಮರಳಿದವನು ಬಸ್ಸು ಕೊಂಡು ಪಡುವ ಪಾಡು 'ವರವೇಲ್ಪ್' (1989) ಚಿತ್ರದಲ್ಲಿದೆ. ಗಲ್ಫಿನವರು ಇಲ್ಲದ ಓಣಿ ನಮ್ಮ ಕಡೆ ಎಲ್ಲಿದೆ ಹೇಳಿ!

ನನಗೆ ಎಲ್ಲಕ್ಕಿಂತ ತಟ್ಟಿದ್ದು ಜಿಯೋ ಬೇಬಿ ಅವರ 'ದಿ ಗ್ರೇಟ್ ಇಂಡಿಯನ್ ಕಿಚನ್' (2021). ಮದುವೆಯಾಗಿ ಬಂದ ಹುಡುಗಿ ಹೆಚ್ಚುತ್ತಾಳೆ, ಬೇಯಿಸುತ್ತಾಳೆ, ಬಡಿಸುತ್ತಾಳೆ, ತೊಳೆಯುತ್ತಾಳೆ. ಮಾವನಿಗೆ ಕುಕ್ಕರಿನ ಅನ್ನ ಆಗದು, ಒಲೆಯದ್ದೇ ಬೇಕು. ಚಟ್ನಿ ಮಿಕ್ಸಿಯದ್ದಲ್ಲ, ಕಲ್ಲಿನಲ್ಲಿ ಅರೆದದ್ದು. ಗಂಡಸರು ಜಗಿದ ನುಗ್ಗೆಕೋಡನ್ನು ಮೇಜಿನ ಮೇಲೆಯೇ ಉಗಿದು ಏಳುತ್ತಾರೆ. ಪಾತ್ರೆ ತೊಳೆಯುವ ಸಿಂಕಿನ ಪೈಪು ಸೋರುತ್ತದೆ, ಎಷ್ಟು ಸಲ ಹೇಳಿದರೂ ಗಂಡ ಪ್ಲಂಬರನನ್ನು ಕರೆಯುವುದಿಲ್ಲ. ಅವನ ಕೆಲಸ ಏನು ಗೊತ್ತೇ? ಶಾಲೆಯಲ್ಲಿ ಮಾಸ್ಟ್ರು, ಅದೂ ಮಕ್ಕಳಿಗೆ ಕುಟುಂಬದ ಬಗ್ಗೆ ಪಾಠ ಹೇಳುವವನು. (ನಮ್ಮ ಮಾಸ್ಟ್ರುಗಳು ಕೋಪ ಮಾಡಿಕೊಳ್ಳಬಾರದು.) ಗಂಡ ಹೆಂಡತಿ ಇಬ್ಬರಿಗೂ ಚಿತ್ರದಲ್ಲಿ ಹೆಸರೇ ಇಲ್ಲ. ಕೊನೆಗೆ ಅವಳು ಆ ಕೊಳಕು ನೀರನ್ನು ಅವರ ಮೇಲೆ ಎರಚಿ ಮನೆ ಬಿಟ್ಟು ಹೋಗುತ್ತಾಳೆ.

ಈ ಚಿತ್ರ ನೋಡಿ ನಮ್ಮ ಅಮ್ಮ, "ಇದರಲ್ಲಿ ಕಥೆ ಎಲ್ಲಿದೆ? ದಿನಾ ಇರುವುದೇ ಅಲ್ವಾ" ಎಂದರು. ಅಪ್ಪ ಏನೂ ಮಾತಾಡಲಿಲ್ಲ. ಈಗ ಊಟದ ಬಟ್ಟಲನ್ನು ನಾನು, ಅಣ್ಣ ಇಬ್ಬರೂ ನಾವೇ ತೊಳೆದಿಡುತ್ತೇವೆ. ಅಪ್ಪನದ್ದು ಇನ್ನೂ ಮೇಜಿನ ಮೇಲೆಯೇ ಇರುತ್ತದೆ.