111 ಗೆದ್ದು, 3 ಸೋತು, ಸೀದಾ ಮನೆಗೆ!

ಒಂದು ಸೀಸನ್‌ನಲ್ಲಿ 111 ಪಂದ್ಯ ಗೆದ್ದ ತಂಡ,
ಆಮೇಲೆ ಬರೀ 3 ಸೋತು ಮನೆಗೆ ಹೋಗುತ್ತಾ?
ಹೋಯ್ತು!
2022ರಲ್ಲಿ, ಲಾಸ್ ಏಂಜಲೀಸ್ ಡಾಡ್ಜರ್ಸ್.

ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ
ಪ್ರತಿ ತಂಡಕ್ಕೂ 162 ಪಂದ್ಯ.
ಒಂದು ಊರಿಗೆ ಹೋದರೆ ಸಾಮಾನ್ಯವಾಗಿ 3, ಕೆಲವೊಮ್ಮೆ 4.
ಈ ಸರಣಿ ಗೆದ್ದರೆ ಕಪ್ಪೂ ಇಲ್ಲ, ಬೋನಸ್ಸೂ ಇಲ್ಲ.
ಲೆಕ್ಕಕ್ಕೆ ಬರೋದು ಒಂದೊಂದು ಗೆಲುವು.
ಓಡಾಟ ಉಳಿಸೋ ಏರ್ಪಾಡು, ಅಷ್ಟೇ.

ಪ್ಲೇಆಫ್ ಬಂತೋ, ಕಥೆ ಬೇರೆ.
ಮೊದಲ ಸುತ್ತು, 3ರಲ್ಲಿ 2 ಗೆಲ್ಲಬೇಕು.
ಆಮೇಲೆ 5ರಲ್ಲಿ 3.
ಡಾಡ್ಜರ್ಸ್ ಎಡವಿದ್ದು ಇಲ್ಲೇ, ಸ್ಯಾನ್ ಡಿಯಾಗೋ ಎದುರು.
ಕೊನೆಯ ಎರಡು ಸುತ್ತು, ವರ್ಲ್ಡ್ ಸೀರೀಸ್ ಸೇರಿ,
7ರಲ್ಲಿ 4.

ಇಷ್ಟೊಂದು ಯಾಕೆ?
ಅನ್ನ ಬೆಂದಿದೆಯಾ ನೋಡೋಕೆ ಒಂದು ಅಗುಳು ಸಾಕು.
ಬೇಸ್‌ಬಾಲ್‌ನಲ್ಲಿ ಸಾಲಲ್ಲ!
ಒಳ್ಳೊಳ್ಳೆ ತಂಡವೇ 10ರಲ್ಲಿ 4 ಸೋಲುತ್ತೆ.
ಮೇಲಾಗಿ, ಸ್ಟಾರ್ಟಿಂಗ್ ಪಿಚರ್, ಅಂದ್ರೆ ಪಂದ್ಯದ ಮೊದಲ ಎಸೆತಗಾರ, ಒಮ್ಮೆ ಎಸೆದರೆ
ಸಾಮಾನ್ಯವಾಗಿ 4-5 ದಿನ ವಿಶ್ರಾಂತಿ.
ಸರಣಿ ಉದ್ದ ಆದಷ್ಟೂ
ಒಬ್ಬ ಹೀರೋನ ನೆಚ್ಚಿಕೊಳ್ಳೋಕಾಗಲ್ಲ.
1903ರ ಮೊದಲ ವರ್ಲ್ಡ್ ಸೀರೀಸ್ ಅಂತೂ
9ರಲ್ಲಿ 5!

ವಿಡಿಯೋ ಗೇಮ್‌ನಲ್ಲಿ?
ಕೂತು 162 ಯಾರು ಆಡ್ತಾರೆ ಹೇಳಿ!
ಎಂಎಲ್‌ಬಿ ದ ಶೋನಲ್ಲಿ
ಬೇಡದ ಪಂದ್ಯವನ್ನ ಕಂಪ್ಯೂಟರ್‌ಗೇ ಬಿಡಬಹುದು.
ಅದರ ಕಾಂಕ್ವೆಸ್ಟ್ ಮೋಡ್‌ನಲ್ಲಿ
9 ಇನ್ನಿಂಗ್ಸ್ ಬದಲು ಬರೀ 3.
ಬೇಗ ಮುಗಿಯುತ್ತೆ, ನಿಜ.
ಆದರೆ ಅದೃಷ್ಟದ ಪಾಲೂ ಜಾಸ್ತಿ.

ಹಾಗಾಗಿ, ನಿಮ್ಮ ಗೇಮ್‌ನಲ್ಲಿ
ಸರಣಿಯ ಉದ್ದ ಆರಿಸೋ ಅವಕಾಶ ಇದ್ದರೆ,
ಗೆಳೆಯ ಎಷ್ಟೇ ಗೋಗರೆಯಲಿ,
7ನ್ನೇ ಒತ್ತಿ!